ಯಾರೂ ಅನುಮಾನಿಸದ ನೀಲಮ್ಮ

ಹದಿನಾಲ್ಕು ಲೋಕ ಸುತ್ತಿ ಬಂದರೂ ನನ್ನಷ್ಟು ಅನುಮಾನಕ್ಕೆ ಗುರಿಯಾದ ಗಂಡಸು ನಿಮಗೆ ಸಿಗುವುದಿಲ್ಲ. ಸಿಕ್ಕರೆ ಕರೆದುಕೊಂಡು ಬನ್ನಿ, ನನ್ನ ಅರ್ಧ ಮೀಸೆ ಬೋಳಿಸಿಕೊಳ್ಳುತ್ತೇನೆ. ಇನ್ನರ್ಧ ಅಂಗಡಿಗೆ ಬರುವ ಗಿರಾಕಿಗಳಿಗೆ ಮಾದರಿ ತೋರಿಸಲು ಬೇಕು. ನನ್ನ ಹೆಸರು ಮರಿಯಪ್ಪ. ಊರಿನವರಿಗೆ ಗಡ್ಡದ ಮರಿಯಪ್ಪ. ಗಡ್ಡ, ಮೀಸೆ, ಜಡೆ, ಹುಬ್ಬು, ಕೆನ್ನೆಯ ಮೇಲಿನ ಹಳೇ ಗಾಯದ ಕಲೆ, ಇವಿಷ್ಟನ್ನೂ ಕೈಯಿಂದ ಮಾಡಿ ಮಾರುವ ಅಂಗಡಿ ನನ್ನದು. ನಾನು ಕಟ್ಟಿದ ಗಡ್ಡ ಎಷ್ಟು ಸಹಜವಾಗಿರುತ್ತದೆಂದರೆ, ಒಮ್ಮೆ ಒಬ್ಬರು ಅದನ್ನು ತೆಗೆಯಲು ಮರೆತು ಮದುವೆಯಾಗಿ, ಮೂವರು ಮಕ್ಕಳಾದ ಮೇಲೆ ಹೆಂಡತಿಗೆ ಗೊತ್ತಾಯಿತು.

ಇಂಥ ಅಂಗಡಿ ಬೇರೆ ಊರಿನಲ್ಲಿ ಮೂರು ದಿನ ನಡೆಯುವುದಿಲ್ಲ. ನಮ್ಮಲ್ಲಿ ಅಕ್ಕಿ ಅಂಗಡಿಗಿಂತ ಹೆಚ್ಚು ನಡೆಯುತ್ತದೆ. ನಮ್ಮೂರಿನ ಕಾನೂನಿನ ಪುಸ್ತಕದಲ್ಲಿ ಇರುವುದು ಒಂದೇ ಸಾಲು. ಊರಿನಲ್ಲಿ ಅಪರಾಧ ನಡೆದಾಗ ಯಾರ ಮೇಲೆ ಯಾರಿಗೂ ಅನುಮಾನವಿಲ್ಲವೋ, ಅವರೇ ಅಪರಾಧಿ. ನಮ್ಮ ಲೈಬ್ರರಿಯಲ್ಲಿ ವಿಕ್ಟೋರಿಯಾ ರಾಣಿಯ ಕಾಲದಲ್ಲಿ ಅಚ್ಚಾದ ಮುನ್ನೂರು ಇಂಗ್ಲಿಷ್ ಪತ್ತೇದಾರಿ ಕಾದಂಬರಿಗಳಿವೆ. ಬೇರೆ ಪುಸ್ತಕವೇ ಇಲ್ಲ. ಯಾವುದನ್ನು ಬೇಕಾದರೂ ತೆಗೆದು ಕೊನೆಯ ಅಧ್ಯಾಯ ಓದಿ. ಮೊದಲಿನಿಂದ ಹಲ್ಲು ಕಡಿಯುತ್ತಿದ್ದ ಸೋದರಳಿಯ ಅಲ್ಲ, ಉಯಿಲಿನಿಂದ ಹೆಸರು ಹೊಡೆಸಿಕೊಂಡ ತಮ್ಮ ಅಲ್ಲ, ಸಿಕ್ಕಿಬೀಳುವುದು ಎಲ್ಲರಿಗೂ ಬಿಸಿ ಸಾರು ಬಡಿಸುತ್ತಿದ್ದ ಒಳ್ಳೆಯ ಮನುಷ್ಯ. ಮುನ್ನೂರು ಪುಸ್ತಕ ಒಟ್ಟಿಗೆ ಸೇರಿ ಸುಳ್ಳು ಹೇಳುತ್ತವೆಯೇ?

ಹಾಗಾಗಿ ನಮ್ಮೂರಿನಲ್ಲಿ ಒಳ್ಳೆಯವರಂತೆ ಕಾಣುವುದು ಅಪಾಯ. ತಾಯಂದಿರು ಮಕ್ಕಳಿಗೆ ನಡೆಯಲು ಕಲಿಸುವ ಮೊದಲು ಓರೆಗಣ್ಣಿನಿಂದ ನೋಡಲು ಕಲಿಸುತ್ತಾರೆ. ಹೋಟೆಲಿನಲ್ಲಿ ಕುಳಿತವರು ಇಡ್ಲಿ ಬರುವ ತನಕ ಸುಮ್ಮನಿರದೆ, ತಮ್ಮ ದೊಡ್ಡಪ್ಪ ಇನ್ನು ಹೆಚ್ಚು ದಿನ ಇರಲಾರರು ಎಂದು ಪಕ್ಕದ ಮೇಜಿಗೆ ಕೇಳುವಂತೆ ಗೊಣಗುತ್ತಾರೆ. ದೊಡ್ಡಪ್ಪನೂ ಅಲ್ಲೇ ಕುಳಿತು ಸಂತೋಷದಿಂದ ತಲೆಯಾಡಿಸುತ್ತಾರೆ. ಬಟ್ಲರ್ ಕೆಲಸಕ್ಕೆ ಬಹಳ ಪೈಪೋಟಿ, ಏಕೆಂದರೆ ಬಟ್ಲರನ ಮೇಲೆ ಹುಟ್ಟಿದ ಮಗುವಿಗೂ ಅನುಮಾನ. ಅಂಥ ಅಳಿಯ ಸಿಕ್ಕರೆ ಹೆಣ್ಣಿನ ಕಡೆಯವರು ನಿಶ್ಚಿಂತೆಯಿಂದ ನಿದ್ದೆ ಮಾಡಬಹುದು. ಪುಸ್ತಕಗಳಲ್ಲಿ ಮಂಜು ಇರುತ್ತದೆ, ನಮ್ಮೂರಿನಲ್ಲಿ ಉರಿಬಿಸಿಲು. ಅದಕ್ಕೇ ಪುರಸಭೆಯವರು ಪ್ರತಿ ಸಂಜೆ ಬೀದಿಬೀದಿಯಲ್ಲಿ ಒದ್ದೆ ತೆಂಗಿನ ಸಿಪ್ಪೆ ಸುಟ್ಟು ಹೊಗೆ ಎಬ್ಬಿಸುತ್ತಾರೆ. ಆ ಹೊಗೆಯಲ್ಲಿ ನಾವೆಲ್ಲ ಕರೀ ಕೋಟು ಹಾಕಿಕೊಂಡು ಕೆಮ್ಮುತ್ತ ವಾಕಿಂಗ್ ಹೋಗುತ್ತೇವೆ.

ಅಪರಾಧ ನಡೆದರೆ ಏಳನೆಯ ದಿನ ಮಧ್ಯಾಹ್ನ ನಾಲ್ಕಕ್ಕೆ ಊರಿಗೆ ಊರೇ ಲೈಬ್ರರಿಯ ದೊಡ್ಡ ಹಾಲಿನಲ್ಲಿ ಸೇರಬೇಕು. ಪತ್ತೇದಾರರು ಉರಿಯುವ ಬೆಂಕಿಗೂಡಿಗೆ ಬೆನ್ನು ಕೊಟ್ಟು ನಿಲ್ಲುತ್ತಾರೆ. ಚೈತ್ರ ಮಾಸವಾದರೂ ಬೆಂಕಿ ಹಾಕಲೇಬೇಕು, ಪುಸ್ತಕದಲ್ಲಿ ಹಾಗಿದೆ. ಎಲ್ಲರೂ ತಾವು ಯಾರನ್ನು ಅನುಮಾನಿಸುತ್ತೇವೆಂದು, ಕಾರಣ ಸಮೇತ ಚೀಟಿಯಲ್ಲಿ ಬರೆದು ಪೆಟ್ಟಿಗೆಗೆ ಹಾಕುತ್ತಾರೆ. ಎಷ್ಟು ಜನರ ಮೇಲೆ ಬೇಕಾದರೂ ಬರೆಯಬಹುದು. ಆದರೆ ಚೀಟಿಯನ್ನು ಗಟ್ಟಿಯಾಗಿ ಓದಿದಾಗ ಅದು ಸುಳ್ಳೆಂದು ಯಾರಾದರೂ ತೋರಿಸಿಕೊಟ್ಟರೆ ಅದನ್ನು ಹರಿದು ಬೆಂಕಿಗೆ ಹಾಕುತ್ತಾರೆ. ಕೊನೆಗೆ ಒಂದೂ ಚೀಟಿ ಇಲ್ಲದೆ ಉಳಿದವರು ಅಪರಾಧಿ. ಅವರನ್ನು ಅಂದೇ ಸೇತುವೆ ದಾಟಿಸಿ ಬಿಡುತ್ತಾರೆ. ಸೇತುವೆ ದಾಟಿದವರು ಮತ್ತೆ ಬರುವಂತಿಲ್ಲ.

ಹಾಗೆಂದು ನಾವೇನು ಕ್ರೂರಿಗಳಲ್ಲ. ಎಲ್ಲರಿಗೂ ಒಂದಾದರೂ ಅನುಮಾನ ಸಿಗುವಂತೆ ಒಬ್ಬರನ್ನೊಬ್ಬರು ನೋಡಿಕೊಳ್ಳುತ್ತೇವೆ. ಅತ್ತೆ ಸೊಸೆಯ ಮೇಲೆ, ಸೊಸೆ ಅತ್ತೆಯ ಮೇಲೆ, ಬೀಗರು ಬೀಗರ ಮೇಲೆ ಬರೆದೇ ಬರೆಯುತ್ತಾರೆ, ಅದಕ್ಕೆ ಹೇಳಿಕೊಡಬೇಕಾದ್ದಿಲ್ಲ. ಮದುವೆಯಲ್ಲಿ ಗಂಡು ಹೆಣ್ಣು ಇಬ್ಬರೂ ಸಾಯುವ ತನಕ ಪರಸ್ಪರ ಅನುಮಾನಿಸುತ್ತೇವೆಂದು ಪ್ರಮಾಣ ಮಾಡುವುದೂ ಅದಕ್ಕೇ. ಹನ್ನೊಂದು ವರ್ಷದ ಹಿಂದೆ ಇರುವೆಗಳಿಗೆ ಸಕ್ಕರೆ ಹಾಕುತ್ತಿದ್ದ ಪಾಂಡುರಂಗ ಮೇಷ್ಟ್ರು ಸೇತುವೆ ದಾಟಿದ ಮೇಲೆ ಯಾರೂ ದಾಟಿಲ್ಲ. ಪ್ರತಿ ಸಲ ಎಲ್ಲರಿಗೂ ಚೀಟಿ ಸಿಕ್ಕಿ, ಅಪರಾಧಿ ಪತ್ತೆಯಾಗಲಿಲ್ಲವೆಂದು ಟೀ ಕುಡಿದು ಮನೆಗೆ ಹೋಗುತ್ತೇವೆ. ಕಳುವಾದ ತಂಬಿಗೆ ಕಳುವಾಗಿಯೇ ಇರುತ್ತದೆ.

ಈ ಲೆಕ್ಕಾಚಾರದ ಭರವಸೆಯ ಮೇಲೆಯೇ ನಾನು ಕದ್ದೆ.

ಹೌದು, ನಾನೇ. ನಿಮ್ಮ ಹತ್ತಿರ ಮುಚ್ಚುಮರೆ ಏನು. ಲೈಬ್ರರಿಯ ಗಾಜಿನ ಬೀರುವಿನಲ್ಲಿ ನಮ್ಮ ಊರು ಕಟ್ಟಿಸಿದ ಇಂಗ್ಲಿಷ್ ದೊರೆಯ ಗಡ್ಡ ಇತ್ತು. ಎರಡೂ ಕೆನ್ನೆಯಿಂದ ಇಳಿದು ಗಲ್ಲದ ಹತ್ತಿರ ಸೇರುವಷ್ಟರಲ್ಲಿ ಮನಸ್ಸು ಬದಲಾಯಿಸಿ ಮೇಲೆ ಸುತ್ತಿಕೊಂಡ ಕೆಂಪು ಗಡ್ಡ. ದೊರೆ ಊರು ಬಿಟ್ಟು ಹೋಗುವಾಗ ಅದನ್ನು ಬೋಳಿಸಿ ಊರಿಗೆ ಕೊಟ್ಟು ಹೋದರಂತೆ. ಸಂಕ್ರಾಂತಿಯ ದಿನ ಜನ ಸಾಲಿನಲ್ಲಿ ಬಂದು ಅದಕ್ಕೆ ಕೈಮುಗಿದು ಹೋಗುತ್ತಿದ್ದರು. ನಾನು ಲೋಕದ ಯಾವ ಗಡ್ಡವನ್ನಾದರೂ ಕಣ್ಣು ಮುಚ್ಚಿ ಹೆಣೆಯಬಲ್ಲೆ, ಆದರೆ ಆ ಸುರುಳಿ ಮಾತ್ರ ಇಪ್ಪತ್ತಾರು ವರ್ಷ ನನ್ನ ಕೈಗೆ ಬಂದಿರಲಿಲ್ಲ. ಅದರ ಬೆನ್ನು ನೋಡಿದರೆ ಗಂಟಿನ ಗುಟ್ಟು ಗೊತ್ತಾಗುತ್ತಿತ್ತು. ಎರಡು ದಿನದ ಮಟ್ಟಿಗೆ ಎಂದುಕೊಂಡೆ. ಪತ್ತೇದಾರ ವೆಂಕೋಬಯ್ಯನವರು ಲೈಬ್ರರಿಯನ್ನೂ ನೋಡಿಕೊಳ್ಳುತ್ತಾರೆ, ಊಟವಾದ ಮೇಲೆ ಎರಡರಿಂದ ಮೂರರ ತನಕ ಕುರ್ಚಿಯಲ್ಲೇ ಗೊರಕೆ. ಆ ಗೊರಕೆಯ ತಾಳಕ್ಕೆ ಸರಿಯಾಗಿ ನನ್ನ ಹೆಣೆಯುವ ತಂತಿಯಿಂದ ಬೀರು ತೆಗೆದೆ.

ಮನೆಗೆ ತಂದು ನೋಡಿದರೆ ನೂರು ವರ್ಷದ ಧೂಳು. ಇಷ್ಟು ಘನವಾದ ಗಡ್ಡಕ್ಕೆ ಒಂದು ಸ್ನಾನವಾದರೂ ಆಗಲಿ ಎಂದು ಅಂಟುವಾಳದ ನೊರೆಯಲ್ಲಿ ನೆನೆಸಿದೆ. ಅರ್ಧ ಗಂಟೆಯಲ್ಲಿ ಬಟ್ಟಲಿನ ನೀರೆಲ್ಲ ಕಾಚಿನ ಬಣ್ಣಕ್ಕೆ ತಿರುಗಿತು. ನನ್ನ ಕೈಯಲ್ಲಿ ಉಳಿದದ್ದು ಎರಡು ಹಿಡಿ ಸೆಣಬಿನ ನಾರು. ಗೋಣಿಚೀಲದ ಸೆಣಬು. ದೊರೆಯ ಗಡ್ಡವೇ ಕಟ್ಟಿಸಿಕೊಂಡ ಗಡ್ಡ! ಆ ಹೊತ್ತು ನಾನು ನಕ್ಕ ನಗೆಗೆ ಪಕ್ಕದ ಮನೆಯ ಹಸು ಕಟ್ಟು ಕಿತ್ತುಕೊಂಡು ಓಡಿತು. ಆದರೆ ನಗು ಮುಗಿದ ಮೇಲೆ ಯೋಚನೆ ಬಂತು. ಇದನ್ನು ಹಿಂದಕ್ಕೆ ಇಡುವುದು ಹೇಗೆ? ಇಡದಿದ್ದರೂ ಏನು ಮಹಾ, ಎಲ್ಲರಿಗೂ ಚೀಟಿ ಸಿಗುತ್ತದೆ, ಟೀ ಕುಡಿದು ಬಂದರಾಯಿತು ಎಂದು ಸಮಾಧಾನ ಮಾಡಿಕೊಂಡೆ.

ಸತ್ತವರು ಚೀಟಿ ಬರೆಯುವುದಿಲ್ಲ ಎಂಬುದನ್ನು ಮರೆತಿದ್ದೆ.

ಬೀಗದ ನೀಲಮ್ಮನ ಗಂಡ ಸಿದ್ದಾಚಾರಿ ತೀರಿಕೊಂಡು ಆಗ ಎಂಟು ತಿಂಗಳಾಗಿತ್ತು. ಅವರಿಬ್ಬರಿಗೂ ಮಕ್ಕಳಿಲ್ಲ, ಬಂಧು ಬಳಗ ಇಲ್ಲ. ಗಂಡ ಹೆಂಡತಿ ಸೇರಿ ಊರಿನ ಬೀಗಗಳನ್ನೆಲ್ಲ ನೋಡಿಕೊಳ್ಳುತ್ತಿದ್ದರು. ಅದೇನು ಸಣ್ಣ ಕೆಲಸವಲ್ಲ. ನಮ್ಮೂರಿನಲ್ಲಿ ಮರ್ಯಾದಸ್ಥರೆಲ್ಲ ವಾರಕ್ಕೊಮ್ಮೆಯಾದರೂ ಪುಸ್ತಕದಲ್ಲಿರುವಂತೆ ಒಳಗಿನಿಂದ ಬಾಗಿಲು ಬೀಗ ಹಾಕಿಕೊಂಡು, ಕೀಲಿಕೈಯನ್ನು ಕಿಟಕಿಯಿಂದ ಹೊರಗೆಸೆದು, ರಹಸ್ಯವಾಗಿ ಕೂರುತ್ತಾರೆ. ಹಸಿವಾದಾಗ ನೀಲಮ್ಮನ ಹೆಸರು ಹಿಡಿದು ಕೂಗುತ್ತಾರೆ. ಆಕೆ ಬಂದು ಬೀಗ ತೆಗೆದು, ಒಳಗೆ ಏನಿತ್ತೆಂದು ಯಾರಿಗೂ ಹೇಳದೆ ಹೋಗುತ್ತಾಳೆ. ಊರಿನ ಎಲ್ಲ ಮನೆಯ ಇನ್ನೊಂದು ಕೀಲಿಕೈ ಆಕೆಯ ಗೋಡೆಯ ಮೊಳೆಗಳ ಮೇಲಿತ್ತು. ಮುನ್ನೂರು ಮನೆಯವರೂ ಅನುಮಾನದಲ್ಲೇ ಬದುಕುವಾಗ ನಂಬುವುದಕ್ಕೆ ಒಬ್ಬರಾದರೂ ಬೇಡವೇ? ನಾವು ನಂಬಿಕೆಯನ್ನೆಲ್ಲ ಒಟ್ಟು ಮಾಡಿ ಆಕೆಯ ಮೇಲೆ ಹೇರಿಬಿಟ್ಟಿದ್ದೆವು.

ಗಂಡ ಇದ್ದಾಗ ಪ್ರತಿ ಸಲವೂ ಒಂದೇ ಚೀಟಿ ಬರೆಯುತ್ತಿದ್ದ. ನನ್ನ ಪಾಲಿನ ಬೆಲ್ಲವನ್ನು ಇವಳು ಕದ್ದು ತಿನ್ನುತ್ತಾಳೆ, ಬೆಲ್ಲ ಕದಿಯುವವಳು ಏನು ಬೇಕಾದರೂ ಕದಿಯಬಲ್ಲಳು ಎಂದು. ನೀಲಮ್ಮ ಅದನ್ನು ಅಲ್ಲಗಳೆಯುತ್ತಿರಲಿಲ್ಲ, ಏಕೆಂದರೆ ತಿನ್ನುತ್ತಿದ್ದದ್ದು ನಿಜ. ಆ ಒಂದು ಉಂಡೆ ಬೆಲ್ಲ ಮೂವತ್ತು ವರ್ಷ ಆಕೆಯನ್ನು ಊರಿನಲ್ಲಿ ಉಳಿಸಿತ್ತು.

ಈ ಮಾತು ನನಗೆ ನೆನಪಾದದ್ದು ಆರನೆಯ ದಿನ ಅಕ್ಕನ ಮನೆಯಲ್ಲಿ ಉಣ್ಣುವಾಗ. ನೀಲಮ್ಮನಿಗೆ ಈ ಸಲ ಯಾರು ಬರೆಯುತ್ತಾರೆ ಎಂದು ಅಕ್ಕ ಕೇಳಿದಳು. ನೀನು ಬರಿ ಎಂದೆ. ಅಕ್ಕ ಬಹಳ ಹೊತ್ತು ಯೋಚಿಸಿ, ಆಕೆಯ ಮೇಲೆ ಏನೆಂದು ಬರೆಯಲೋ, ಕೈ ಬರುವುದಿಲ್ಲ ಎಂದಳು. ನಾನು ಊಟ ಬಿಟ್ಟೆದ್ದು ಬೀದಿಬೀದಿ ಸುತ್ತಿದೆ. ಊರಿಗೆ ಊರೇ ಅದೇ ಮಾತು. ಎಲ್ಲರಿಗೂ ಬರೆಯುವ ಆಸೆ, ಯಾರಿಗೂ ಕಾರಣ ಹೊಳೆಯದು.

ಏಳನೆಯ ದಿನ ಬೆಳಿಗ್ಗೆ ಒಂದು ಚೀಲ ಹೊತ್ತು ನೀಲಮ್ಮನ ಮನೆಗೆ ಹೋದೆ. ಚೀಲದಲ್ಲಿ ನನ್ನ ಅಂಗಡಿಯ ಅತ್ಯುತ್ತಮ ಸರಕು ಇತ್ತು. ಒಂದು ಕಪ್ಪು ಮುಸುಕು, ಕೆನ್ನೆಗೆ ಅಂಟಿಸುವ ಗಾಯದ ಕಲೆ, ಎಡಗಾಲಿನದೊಂದೇ ಇರುವ ದೊಡ್ಡ ಬೂಟು, ಮತ್ತು ಲೈಬ್ರರಿಯ ಹೂಕುಂಡದ ಒಂದು ಹಿಡಿ ಮಣ್ಣು. ಆಕೆ ಜಗಲಿಯಲ್ಲಿ ಕುಳಿತು ಬೀಗವೊಂದಕ್ಕೆ ಎಣ್ಣೆ ಬಿಡುತ್ತಿದ್ದಳು. ಹಿಂದೆ ಗೋಡೆಗೆ ಒರಗಿಸಿದ ಟ್ರಂಕು. ಅದರ ಮೇಲೆ ಮಡಿಸಿದ ಜಮಖಾನೆ. ಆಗಲೇ ಕಟ್ಟಿ ಮುಗಿಸಿದ್ದಳು.

ನಾನು ಸರಕನ್ನೆಲ್ಲ ಹರಡಿ, ಯಾವುದನ್ನು ಹೇಗೆ ಉಪಯೋಗಿಸಬೇಕೆಂದು ಒಂದು ಗಂಟೆ ಉಪನ್ಯಾಸ ಕೊಟ್ಟೆ. ಈ ಬೂಟಿನ ಗುರುತನ್ನು ಹೂಕುಂಡದ ಹತ್ತಿರ ಒತ್ತಿ ಬಂದರೆ ಸಾಕು, ಅರ್ಧ ಊರು ಅನುಮಾನಿಸುತ್ತದೆ ಎಂದೆ. ಆಕೆ ಬೂಟನ್ನು ಕೈಯಲ್ಲಿ ಹಿಡಿದು ತಿರುಗಿಸಿ ನೋಡಿ, ಹೊಲಿಗೆ ಬಿಟ್ಟಿದೆ ಎಂದು ಸೂಜಿ ದಾರ ತಂದು ಹೊಲಿಯತೊಡಗಿದಳು.

“ನನ್ನ ಕೈಲಿ ಆಗಲ್ಲ ಮರಿಯಪ್ಪನೋರೇ,” ಎಂದಳು. “ಯಾರಾದ್ರೂ ಈ ಗುರುತು ನಿಂದೇನಮ್ಮ ಅಂತ ಕೇಳಿದ್ರೆ, ಹೌದು ನಾನೇ ಬೇಕು ಅಂತ ಒತ್ತಿದ್ದು ಅಂದ್ಬಿಡ್ತೀನಿ. ನಂಗೆ ಗೊತ್ತು ನನ್ನ ಬಾಯಿ.”

“ಹಾಗಾದ್ರೆ ಸೇತುವೆ ದಾಟ್ತೀರಾ?”

“ಆಚೆ ಕಡೇನೂ ಮನೆಗಳಿರ್ತವೆ. ಮನೆ ಅಂದಮೇಲೆ ಬೀಗ ಇರುತ್ತೆ.” ಗೋಡೆಯ ಕೀಲಿಕೈಗಳ ಕಡೆ ನೋಡಿದಳು. “ಇವನ್ನ ಯಾರ್ಯಾರ್ದು ಅಂತ ಚೀಟಿ ಕಟ್ಟಿದೀನಿ. ನೀವು ಸ್ವಲ್ಪ ಹಂಚ್ಬಿಡಿ. ಸಾವಂತ್ರಮ್ಮನೋರ ಬಾಗಿಲು ಮಾತ್ರ ಎಡಕ್ಕೆ ತಿರುಗಿಸ್ಬೇಕು, ಅದನ್ನ ಮರೀಬೇಡಿ ಅನ್ನಿ. ಅವರಿಗೆ ಮರೆಯುತ್ತೆ.”

ಆ ಗಳಿಗೆಯಲ್ಲಿ ನಾನೇ ಕದ್ದದ್ದು ಎಂದು ಹೇಳಬೇಕಿತ್ತು. ಬಾಯಿ ತೆರೆದೆ. ಹೊರಗೆ ಬಂದದ್ದು, ನಾನಿದ್ದೇನೆ, ನನ್ನ ಹತ್ತಿರ ಸಾವಿರ ಉಪಾಯ ಇದೆ, ಇಂಥ ನೂರು ವಿಚಾರಣೆ ನೋಡಿದ್ದೇನೆ ಎಂಬ ಬಡಾಯಿ. ಅಷ್ಟು ವರ್ಷದಿಂದ ಒಂದೇ ಹಾದಿಯಲ್ಲಿ ಓಡಿದ ನಾಲಿಗೆಗೆ ಬೇರೆ ಹಾದಿ ಗೊತ್ತಿರಲಿಲ್ಲ. ಆಕೆ ಹೊಲಿದ ಬೂಟನ್ನು ಚೀಲಕ್ಕೆ ಹಾಕಿಕೊಟ್ಟು, ಹೂಕುಂಡದ ಮಣ್ಣನ್ನು ಮರಳಿ ಹಾಕಿಬಿಡಿ, ಗಿಡದ ಬೇರು ಒಣಗೀತು ಎಂದಳು.

ನಾಲ್ಕು ಗಂಟೆಗೆ ಹಾಲು ತುಂಬಿತು. ಹೊರಗೆ ಬಿಸಿಲು, ಒಳಗೆ ಬೆಂಕಿ. ಉಣ್ಣೆ ಕೋಟು ಹಾಕಿದ ವೆಂಕೋಬಯ್ಯನವರು ಭೂತಗನ್ನಡಿ ಹಿಡಿದು ಬೆಂಕಿಗೂಡಿನ ಮುಂದೆ ನಿಂತರು. ಅವರ ಬೆನ್ನಿನಿಂದ ಹೋಳಿಗೆ ಬೇಯುವ ವಾಸನೆ ಬರುತ್ತಿತ್ತು ಎಂದರೆ ನೀವು ನಂಬುವುದಿಲ್ಲ, ಬೇಡ, ಆದರೆ ಬರುತ್ತಿತ್ತು. ಚೀಟಿಗಳನ್ನು ಒಂದೊಂದಾಗಿ ಓದಿದರು. ನನ್ನ ಮೇಲೆ ಹತ್ತೊಂಬತ್ತು. ಗಡ್ಡ ಕಳುವಾದರೆ ಗಡ್ಡದ ಮರಿಯಪ್ಪನ ಮೇಲೆ ಬರೆಯದೆ ಇನ್ನಾರ ಮೇಲೆ ಬರೆಯುತ್ತಾರೆ? ನನಗಿಂತ ಕಡಿಮೆ, ಹದಿನೈದು, ಬಟ್ಲರ್ ಜಾನಪ್ಪನಿಗೆ. ಅಕ್ಕನಿಗೆ ಎರಡು. ತೊಟ್ಟಿಲ ಮಗುವಿಗೂ ಅಜ್ಜಿಯದೊಂದು ಇತ್ತು, ಬೆಣ್ಣೆ ಕಂಡರೆ ಕೈ ಚಾಚುತ್ತದೆ ಎಂದು. ಪಟ್ಟಿ ಮುಗಿಯಿತು. ವೆಂಕೋಬಯ್ಯನವರು ಕನ್ನಡಕ ಒರೆಸಿ ಮತ್ತೆ ಹಾಕಿಕೊಂಡು ಪಟ್ಟಿಯನ್ನು ಇನ್ನೊಮ್ಮೆ ನೋಡಿದರು. ನೀಲಮ್ಮನ ಹೆಸರಿನ ಮುಂದೆ ಏನೂ ಇರಲಿಲ್ಲ.

ನಿಯಮದಂತೆ ಮೂರು ಸಲ ಕೂಗಿ ಕೇಳಬೇಕು. ಅವರು ಮೊದಲ ಸಲ ಕೇಳಿದರು, ಈಕೆಯ ಮೇಲೆ ಯಾರಿಗಾದರೂ ಅನುಮಾನವಿದೆಯೇ ಎಂದು. ನಾನು ಥಟ್ಟನೆ ಎದ್ದು, ಕಳುವಾದ ಗುರುವಾರ ಮಧ್ಯಾಹ್ನ ಎರಡೂವರೆಗೆ ಈಕೆ ಚೀಲ ಹಿಡಿದು ಲೈಬ್ರರಿಯ ಹಿತ್ತಿಲಿನಲ್ಲಿ ಸುಳಿದಾಡಿದ್ದನ್ನು ನನ್ನ ಎರಡು ಕಣ್ಣಿನಿಂದ ನೋಡಿದೆ ಎಂದು ಚೀಟಿ ಬರೆದು ಕೊಟ್ಟೆ. ಎಂಥ ಸೊಗಸಾದ ಸುಳ್ಳು. ಆದರೆ ಎದ್ದು ನಿಂತವಳು ನೀಲಮ್ಮನೇ. ಇಲ್ಲ, ಆ ಹೊತ್ತಿಗೆ ತಾನು ಹಿಟ್ಟಿನ ಗಿರಣಿಯವರ ಕೋಣೆಯ ಬೀಗ ತೆಗೆಯುತ್ತಿದ್ದೆ, ಮರಿಯಪ್ಪನವರು ಯಾರನ್ನೋ ನೋಡಿ ತಪ್ಪು ತಿಳಿದಿರಬೇಕು ಎಂದು ನನ್ನ ಮೇಲೂ ತಪ್ಪು ಬರದಂತೆ ಹೇಳಿ ಕುಳಿತಳು. ನನ್ನ ಚೀಟಿ ಬೆಂಕಿಗೆ ಹೋಯಿತು.

ಎರಡನೆಯ ಕೂಗಿಗೆ ಹಳ್ಳದ ಮನೆಯ ಸಾವಂತ್ರಮ್ಮನವರು ಕೋಲೂರಿ ಎದ್ದರು. ಎಂಬತ್ತು ದಾಟಿದ ಮುದುಕಿ. ಇವಳ ಹತ್ತಿರ ಊರಿನ ಎಲ್ಲ ಕೀಲಿಕೈ ಇದೆ, ಆದ್ದರಿಂದ ಅನುಮಾನ ಎಂದು ಚೀಟಿ ಕೊಟ್ಟರು. ಒಳ್ಳೆಯ ಕಾರಣವೇ. ಆದರೆ ಪಕ್ಕದಲ್ಲಿದ್ದವರಿಗೆ ತಡೆಯಲಾಗಲಿಲ್ಲ. ಒಬ್ಬರೆದ್ದು, ಅವು ಅವಳು ತೆಗೆದುಕೊಂಡದ್ದಲ್ಲ, ನಾವೇ ನಂಬಿ ಕೊಟ್ಟದ್ದು ಎಂದರು. ಇನ್ನೊಬ್ಬರು, ನಮ್ಮ ಮನೆಯ ಒಡವೆ ಪೆಟ್ಟಿಗೆ ಆರು ತಿಂಗಳು ಅವಳ ಮನೆಯಲ್ಲಿತ್ತು, ಮುಚ್ಚಳದ ಧೂಳು ಕೂಡ ಕದಲಿರಲಿಲ್ಲ ಎಂದು ಗದ್ಗದರಾದರು. ಮತ್ತೊಬ್ಬರು ತಮ್ಮ ಬಾಣಂತನದಲ್ಲಿ ಆಕೆ ತಂದುಕೊಟ್ಟ ಕಷಾಯ ನೆನೆದರು. ಹೊಗಳಿಕೆ ಏರುತ್ತ ಹೋದಂತೆ ನೀಲಮ್ಮನ ಕೊರಳ ಹಗ್ಗ ಬಿಗಿಯುತ್ತ ಹೋಯಿತು. ಹೊಗಳುವವರಿಗೂ ಅದು ಗೊತ್ತು, ಅಳುತ್ತಾರೆ, ಆದರೆ ಆಕೆಯನ್ನು ಬೈದರೆ ಸುಮ್ಮನಿರಲು ಅವರಿಂದಾಗದು. ನಮ್ಮೂರಿನವರ ಒಳ್ಳೆಯತನ ಮೊಟ್ಟಮೊದಲ ಸಲ ಎಲ್ಲರೆದುರು ಬಯಲಿಗೆ ಬಂದಿತ್ತು, ಅದೂ ಬರಬಾರದ ಹೊತ್ತಿನಲ್ಲಿ. ಸಾವಂತ್ರಮ್ಮನವರ ಚೀಟಿಯೂ ಬೆಂಕಿಗೆ ಹೋಯಿತು.

ವೆಂಕೋಬಯ್ಯನವರು ಮೂರನೆಯ ಸಲ ಕೇಳುವ ಮೊದಲು ಲೋಟ ಎತ್ತಿಕೊಂಡರು. ನೀರು ಕುಡಿದು ಕೇಳಿದರು. ನಾನು ಎದ್ದು ನಿಂತೆ. ಆಗ ಆಡಿದ ಒಂದು ಮಾತಿನಲ್ಲಿ ಮಾತ್ರ ಉತ್ಪ್ರೇಕ್ಷೆ ಇಲ್ಲ.

“ಗಡ್ಡ ಕದ್ದೋನು ನಾನು,” ಎಂದೆ.

ಹಾಲಿಗೆ ಹಾಲೇ ನಕ್ಕಿತು. ಅಳುತ್ತಿದ್ದವರು ಸೆರಗಿನಲ್ಲಿ ಮೂಗು ಒರೆಸಿಕೊಂಡು ನಕ್ಕರು. ಅವರದೇನು ತಪ್ಪು? ಕಳೆದ ಹನ್ನೊಂದು ವರ್ಷದಲ್ಲಿ ನಡೆದ ಪ್ರತಿ ಅಪರಾಧವನ್ನೂ ನಾನೇ ಮಾಡಿದ್ದು ಎಂದು ಒಪ್ಪಿಕೊಂಡವನು ನಾನು. ಪುರಸಭೆಯ ಗಂಟೆ, ಡಾಕ್ಟರ ಛತ್ರಿ, ತಂಬಿಗೆ, ಎಲ್ಲ. ಒಮ್ಮೆ ಗ್ರಹಣದ ದಿನ ಚಂದ್ರನನ್ನು ನಾನೇ ಕದ್ದು ಅಟ್ಟದ ಮೇಲಿಟ್ಟಿದ್ದೇನೆ ಎಂದಿದ್ದೆ. ವೆಂಕೋಬಯ್ಯನವರು ಕೂತ್ಕೊಳಯ್ಯ ಎಂದು ಕೈಸನ್ನೆ ಮಾಡಿದರು. ನಾನು ಕೂರದೆ ಜೇಬಿನಿಂದ ಆ ಸೆಣಬನ್ನು ತೆಗೆದು ಅವರ ಮೇಜಿನ ಮೇಲಿಟ್ಟು, ಇದೇ ದೊರೆಯ ಗಡ್ಡ, ತೊಳೆದೆ, ಬಣ್ಣ ಹೋಯಿತು ಎಂದೆ. ಈ ಸಲ ನಗು ಬೆಂಕಿಯ ಜ್ವಾಲೆಯನ್ನೇ ಬಾಗಿಸಿತು.

“ಲೋ ಮರಿಯಪ್ಪ, ಇಂಥವು ನಿನ್ನ ಅಂಗಡೀಲಿ ಮೂಟೆಗಟ್ಲೆ ಬಿದ್ದಿವೆ,” ಎಂದರು ವೆಂಕೋಬಯ್ಯನವರು, ಬೇಸರದಿಂದ. “ಆಕೇನ ಉಳಿಸ್ಬೇಕು ಅಂತ ನಮಗೂ ಇದೆ. ಸುಳ್ಳಿಗೂ ಒಂದು ಹೊತ್ತು ಬೇಡ್ವೇನಯ್ಯ.”

ನನ್ನ ಜೀವಮಾನದಲ್ಲಿ ಮೊದಲ ಸಲ ಒಂದು ನಿಜ ಹೇಳಿದ್ದೆ, ಅದಕ್ಕೆ ಗಿರಾಕಿ ಇಲ್ಲ. ಏನು ಮಾಡಲಿ ಎಂದು ಸುತ್ತ ನೋಡಿದೆ. ಎಲ್ಲರೂ ನನ್ನ ಮುಖ ನೋಡಿ ನಗುತ್ತಿದ್ದಾರೆ. ನೀಲಮ್ಮ ಒಬ್ಬಳೇ ನಗುತ್ತಿಲ್ಲ. ಆಕೆ ನನ್ನನ್ನೂ ನೋಡುತ್ತಿಲ್ಲ. ಮೇಜಿನ ಮೇಲಿನ ಸೆಣಬನ್ನೇ ನೋಡುತ್ತಿದ್ದಾಳೆ, ಪರಿಚಯದವರು ಬೀದಿಯಲ್ಲಿ ಸಿಕ್ಕಾಗ ನೋಡುವ ಹಾಗೆ.

ಆ ನೋಟ ನನ್ನನ್ನು ಬಿಟ್ಟು ಬೇರೆ ಯಾರಿಗೂ ಕಾಣಿಸಲಿಲ್ಲ. ಕಾಣಿಸಿದ್ದು ನನ್ನ ಬುದ್ಧಿವಂತಿಕೆ ಎಂದು ನಾನು ಎಲ್ಲರ ಹತ್ತಿರವೂ ಹೇಳಿಕೊಳ್ಳುತ್ತೇನೆ.

“ನೀಲಮ್ಮನೋರೇ,” ಎಂದೆ. “ಇದೇನು ಅಂತ ನಿಮಗೆ ಗೊತ್ತಾ?”

ಆಕೆ ತಲೆ ತಗ್ಗಿಸಿದಳು. ಕೇಳಬಾರದಿತ್ತು ಎಂಬ ಹಾಗೆ ನನ್ನ ಕಡೆ ಒಮ್ಮೆ ನೋಡಿದಳು. ಆದರೆ ಕೇಳಿದ ಮೇಲೆ ಸುಳ್ಳು ಹೇಳುವ ಬಾಯಿ ಅಲ್ಲ ಅದು.

“ದೊರೆ ಗಡ್ಡ,” ಎಂದಳು.

ನಗು ನಿಂತಿತು. ಸೌದೆ ಕೂಡ ಸದ್ದು ನಿಲ್ಲಿಸಿತು. ವೆಂಕೋಬಯ್ಯನವರು ಆಕೆಯ ಹತ್ತಿರ ಬಂದು, ಇದು ಸೆಣಬಲ್ಲವೇ ತಾಯಿ ಎಂದರು. ಹೌದು, ದೊರೆಯ ಗಡ್ಡ ಯಾವಾಗಲೂ ಸೆಣಬೇ ಎಂದಳು ನೀಲಮ್ಮ. ಬೀರುವಿನ ಬೀಗಕ್ಕೆ ವರ್ಷಕ್ಕೊಮ್ಮೆ ಎಣ್ಣೆ ಬಿಡುವಾಗ ಗಡ್ಡವನ್ನು ಎತ್ತಿ ಪಕ್ಕಕ್ಕಿಡಬೇಕಿತ್ತಂತೆ. ಮೊದಲ ಸಲ ಎತ್ತಿದಾಗಲೇ ಬೆನ್ನಿನ ನಾರು ಬೆರಳಿಗೆ ಸಿಕ್ಕಿತಂತೆ. ಎಡಗಡೆಯ ಸುರುಳಿಯಲ್ಲಿ ಒಂದು ಗಂಟು ಸಡಿಲ ಇದೆ, ನೋಡಿ, ಎಂದು ಮುಟ್ಟದೆಯೇ ತೋರಿಸಿದಳು. ವೆಂಕೋಬಯ್ಯನವರು ಭೂತಗನ್ನಡಿ ಹಿಡಿದು ನೋಡಿದರು. ಇತ್ತು.

“ಎಷ್ಟು ವರ್ಷದಿಂದ ಗೊತ್ತು?”

“ಹದಿನಾಲ್ಕು.”

“ಒಬ್ಬರಿಗೂ ಹೇಳ್ಲಿಲ್ವಲ್ಲಮ್ಮ?”

“ಯಾರೂ ಕೇಳ್ಲಿಲ್ಲ ಸ್ವಾಮಿ. ಹಬ್ಬದ ದಿನ ಎಲ್ರೂ ಹೊಸಾ ಬಟ್ಟೆ ಹಾಕ್ಕೊಂಡು ಬಂದು ಕೈಮುಗಿಯೋರು. ಸುಮ್ನೆ ಯಾಕೆ ಅವರ ಸಂತೋಷ ಕೆಡಿಸೋದು ಅಂತ...” ಅಲ್ಲಿಗೆ ಮಾತು ನಿಲ್ಲಿಸಿದಳು.

ಹದಿನಾಲ್ಕು ಸಂಕ್ರಾಂತಿ ಗೋಣಿಚೀಲಕ್ಕೆ ಕೈಮುಗಿದವರೆಲ್ಲ ತಮ್ಮ ತಮ್ಮ ಅಂಗೈ ನೋಡಿಕೊಂಡರು. ನನಗೆ ಮಾತ್ರ ತಲೆಯಲ್ಲಿ ಸಾವಿರ ದೀಪ ಹೊತ್ತಿಕೊಂಡವು. ಜೇಬಿನಲ್ಲಿದ್ದ ಸೀಸದ ಕಡ್ಡಿ ತೆಗೆದು, ಸಿಕ್ಕ ಕಾಗದದ ಮೇಲೆ ಗೀಚಿ ಕೊಟ್ಟೆ. ವೆಂಕೋಬಯ್ಯನವರು ಅದನ್ನು ಓದಿದರು. ಹದಿನಾಲ್ಕು ವರ್ಷ ಇಂಥ ವಿಷಯವನ್ನು ಊರಿನಿಂದ ಮುಚ್ಚಿಟ್ಟು ಮುಖದಲ್ಲಿ ಒಂದು ಗೆರೆ ಕದಲದಂತೆ ಇದ್ದ ಹೆಂಗಸು ಇನ್ನೂ ಏನೇನು ಮುಚ್ಚಿಟ್ಟಿರಬಹುದೋ, ಆದ್ದರಿಂದ ಅನುಮಾನ. ಓದಿ ಮುಗಿಸಿ, ಇದನ್ನು ಅಲ್ಲಗಳೆಯುವವರು ಇದ್ದೀರಾ ಎಂದು ಕೇಳಿದರು. ಯಾರೂ ಏಳಲಿಲ್ಲ. ಕೊನೆಗೆ ಅವರೇ ನೀಲಮ್ಮನ ಕಡೆ ತಿರುಗಿದರು. ಇಡೀ ಊರು ಆಕೆಯ ಬಾಯಿಯನ್ನೇ ನೋಡಿತು, ಆ ಪ್ರಾಮಾಣಿಕತೆಯ ರೋಗ ಈಗ ಮತ್ತೆ ಎಲ್ಲಿ ಕೈಕೊಡುತ್ತದೋ ಎಂದು.

ನೀಲಮ್ಮ ಬಹಳ ಹೊತ್ತು ಯೋಚಿಸಿದಳು. ನಿಜವಾಗಿಯೂ ಯೋಚಿಸಿದಳು, ನಟನೆ ಅಲ್ಲ.

“ಇಲ್ಲ,” ಎಂದಳು. “ಇದನ್ನ ನಾನು ಇಲ್ಲ ಅನ್ನೋಕಾಗಲ್ಲ. ಮುಚ್ಚಿಟ್ಟಿದ್ದು ನಿಜ. ಇನ್ನೂ ಕೆಲವು ಇವೆ.”

ಆ ಕೊನೆಯ ಮೂರು ಪದಕ್ಕೆ ಹಾಲು ಎದ್ದು ನಿಂತಿತು. ಒಳಗಿನಿಂದ ಬೀಗ ಹಾಕಿಕೊಂಡ ಕೋಣೆಗಳಲ್ಲಿ ತಾವು ಏನೇನು ಮಾಡುತ್ತಿದ್ದೆವು, ಬಾಗಿಲು ತೆರೆದಾಗ ಆಕೆ ಏನೇನು ನೋಡಿರಬಹುದು ಎಂಬುದು ಆ ಕ್ಷಣದಲ್ಲಿ ಮುನ್ನೂರು ಮನೆಯವರಿಗೂ ಒಟ್ಟಿಗೆ ನೆನಪಾಯಿತು. ಕಾಗದಕ್ಕೆ ನೂಕುನುಗ್ಗಲು. ಒಬ್ಬರು ಪಂಚಾಂಗದ ಹಾಳೆ ಹರಿದರು, ಇನ್ನೊಬ್ಬರು ಅಂಗೈಯಲ್ಲೇ ಬರೆದುಕೊಂಡು ಬಂದರು. ಆಗಷ್ಟೇ ಕಷಾಯ ನೆನೆದು ಅತ್ತವರು ಎಲ್ಲರಿಗಿಂತ ಉದ್ದದ ಚೀಟಿ ಬರೆದರು. ಎಣಿಸಿದಾಗ ಅರವತ್ಮೂರು. ನನ್ನ ಇಪ್ಪತ್ತಾರು ವರ್ಷದ ದಾಖಲೆ ಒಂದು ಗಂಟೆಯಲ್ಲಿ ಮಣ್ಣುಪಾಲಾಯಿತು. ಹೊಟ್ಟೆ ಉರಿಯಿತೇ ಎಂದು ಕೇಳಬೇಡಿ. ಉರಿಯಿತು. ಆದರೆ ಆ ಉರಿಯಲ್ಲಿ ಕುಣಿಯುವಷ್ಟು ಸಂತೋಷವೂ ಇತ್ತು.

ಇನ್ನು ನನ್ನ ವಿಷಯ. ಕಳ್ಳ ನಾನೇ ಎಂದು ಈಗ ಸಾಬೀತಾಗಿತ್ತು. ಆದರೆ ಹತ್ತೊಂಬತ್ತು ಜನ ಅನುಮಾನಿಸಿದ ಮನುಷ್ಯ ಅಪರಾಧಿಯಾಗಲು ನಮ್ಮ ಕಾನೂನಿನಲ್ಲಿ ದಾರಿ ಇಲ್ಲ. ವೆಂಕೋಬಯ್ಯನವರು ನನ್ನನ್ನೂ ಮುನ್ನೂರು ಪುಸ್ತಕಗಳನ್ನೂ ಸಾಲಾಗಿ ನೋಡಿದರು. ಯಾವುದರಲ್ಲೂ ಇಂಥ ಕೊನೆಯ ಅಧ್ಯಾಯ ಇಲ್ಲವೆಂದು ಅವರ ಮುಖವೇ ಹೇಳುತ್ತಿತ್ತು. ಅಪರಾಧಿ ಪತ್ತೆಯಾಗಲಿಲ್ಲ ಎಂದು ಘೋಷಿಸಿ, ನನ್ನ ಕಿವಿಯ ಹತ್ತಿರ ಬಂದು, ಸಂಕ್ರಾಂತಿಯೊಳಗೆ ಬೀರುವಿನಲ್ಲಿ ಗಡ್ಡ ಇರದಿದ್ದರೆ ನಿನ್ನ ಗಡ್ಡವನ್ನೇ ಇಡುತ್ತೇನೆ ಎಂದರು. ಆಮೇಲೆ ಟೀ ಬಂತು. ಅಷ್ಟು ರುಚಿಯಾದ ಟೀ ದೇವೇಂದ್ರನಿಗೂ ಸಿಕ್ಕಿರಲಾರದು.

ಟೀ ಮುಗಿದ ಮೇಲೆ ನೀಲಮ್ಮನ ಜೊತೆಗೆ ಸೇತುವೆಯ ತನಕ ಹೋದೆ. ಆಕೆ ತನ್ನ ಟ್ರಂಕನ್ನು ಮೊದಲೇ ಜಟಕಾ ಮಾಡಿ ಅಲ್ಲಿಗೆ ಕಳುಹಿಸಿದ್ದಳು, ತನ್ನನ್ನು ದಾಟಿಸುವವರಿಗೆ ತಡವಾಗಬಾರದೆಂದು. ನಾನು ಅದನ್ನು ಒಂದೇ ಕೈಯಲ್ಲಿ ಎತ್ತಿ ಹೆಗಲಿಗೆ ಹಾಕಿಕೊಂಡೆ. ಸರಿ, ಎರಡು ಕೈ. ದಾರಿಯಲ್ಲಿ ಎರಡು ಸಲ ಇಳಿಸಿದೆ. ಎರಡನೆಯ ಸಲ ಇಳಿಸಿದಾಗ, ಗಡ್ಡ ಕದ್ದದ್ದಕ್ಕೆ ಆಕೆಯ ಹತ್ತಿರ ಕ್ಷಮೆ ಕೇಳಿದೆ. ಒಂದೇ ವಾಕ್ಯದಲ್ಲಿ, ಯಾವ ಅಲಂಕಾರವೂ ಇಲ್ಲದೆ. ಆಕೆ ಕೇಳಿಸಿಕೊಂಡು, ಮುಂದಿನ ಸಲ ತೊಳೆಯುವ ಮೊದಲು ಬಣ್ಣ ಬಿಡುತ್ತದೆಯೇ ಎಂದು ಒಂದು ಮೂಲೆ ಒದ್ದೆ ಮಾಡಿ ನೋಡಿ ಎಂದಳು.

ಊರಿನೊಳಗೆ ಬಂದಾಗ ತೆಂಗಿನ ಸಿಪ್ಪೆಯ ಹೊಗೆ ಆಗತಾನೆ ಏಳುತ್ತಿತ್ತು. ನಿನ್ನೆಯವರೆಗೆ ಆಕೆಯನ್ನು ಕಂಡರೆ ಬಾ ನೀಲಮ್ಮ, ಮಜ್ಜಿಗೆ ಕುಡಿದು ಹೋಗು ಎನ್ನುತ್ತಿದ್ದ ಮನೆಗಳ ಕಿಟಕಿಗಳು ಒಂದೊಂದಾಗಿ ಮುಚ್ಚಿಕೊಂಡವು. ಮುಚ್ಚಿದ ಕಿಟಕಿಯ ಸಂದಿನಿಂದ ಎರಡೆರಡು ಕಣ್ಣು. ಎದುರಿಗೆ ಬಂದ ಜಾನಪ್ಪ ಟೊಪ್ಪಿಗೆ ಕೆಳಗೆಳೆದುಕೊಂಡು ರಸ್ತೆ ದಾಟಿದ. ನಮ್ಮೂರಿನಲ್ಲಿ ಅದಕ್ಕಿಂತ ದೊಡ್ಡ ಮರ್ಯಾದೆ ಇಲ್ಲ. ನೀಲಮ್ಮ ಎಲ್ಲವನ್ನೂ ನೋಡುತ್ತ ನಡೆದಳು. ಗಂಡ ಹೋದ ಮೇಲೆ ಆಕೆ ಅಷ್ಟು ನೆಟ್ಟಗೆ ನಡೆದದ್ದನ್ನು ನಾನು ನೋಡಿರಲಿಲ್ಲ.

ಹಳ್ಳದ ಮನೆಯ ಮುಂದೆ ಸಾವಂತ್ರಮ್ಮನವರು ಕೋಲೂರಿ ಕಾಯುತ್ತಿದ್ದರು. ಕೈ ಮುಂದೆ ಚಾಚಿ ಗಡುಸಾಗಿ ಹೇಳಿದರು.

“ನನ್ನ ಮನೆ ಕೀಲಿಕೈ ಕೊಡು. ನಿನ್ನನ್ನ ನಂಬೋಕಾಗಲ್ಲ ಕಣೇ ಇನ್ಮೇಲೆ.”

ನೀಲಮ್ಮ, ಹಂಚಲೆಂದು ಗೋಡೆಯಿಂದ ತೆಗೆದು ಸೊಂಟಕ್ಕೆ ಸಿಕ್ಕಿಸಿಕೊಂಡಿದ್ದ ಗೊಂಚಲಿನಿಂದ ಕೀಲಿಕೈ ಬಿಚ್ಚಿ, ಎರಡೂ ಕೈಯಿಂದ ಮುದುಕಿಯ ಅಂಗೈಯಲ್ಲಿ ಇಟ್ಟಳು. ಎಡಕ್ಕೆ ತಿರುಗಿಸಬೇಕು ಎಂದು ನೆನಪು ಮಾಡಿದಳು. ನಾಲ್ಕು ಹೆಜ್ಜೆ ಮುಂದೆ ಹೋದವಳು, ಏನೋ ಹೊಳೆದಂತೆ ನಿಂತು ತಿರುಗಿದಳು.

“ಇನ್ನೊಂದು ಮಾಡಿಟ್ಕೊಂಡಿದೀನೋ ಇಲ್ವೋ, ಯಾರಿಗೆ ಗೊತ್ತು ಸಾವಂತ್ರಮ್ಮನೋರೇ,” ಎಂದಳು.

ಹೇಳಿದ್ದೇ ತಡ, ತಾನಾಡಿದ ಮಾತಿಗೆ ತಾನೇ ಗಾಬರಿಯಾಗಿ ಬಾಯಿಗೆ ಸೆರಗು ಅಡ್ಡ ಹಿಡಿದಳು. ಸೆರಗಿನ ಹಿಂದೆ ಭುಜ ಅಲುಗುತ್ತಿತ್ತು. ಮುದುಕಿ ಕಣ್ಣು ಕಿರಿದು ಮಾಡಿ ಆಕೆಯನ್ನು ಅಡಿಯಿಂದ ಮುಡಿಯ ತನಕ ನೋಡಿದರು. ಆಮೇಲೆ ಬೊಚ್ಚುಬಾಯಿ ತುಂಬ ನಗುತ್ತ ಒಳಗೆ ಹೋಗಿ, ಇಡೀ ಬೀದಿಗೆ ಕೇಳುವಂತೆ ಮೂರು ಚಿಲಕ ಹಾಕಿಕೊಂಡರು.